ಮುಗಿಲವ್ವನ ಎಣಿಕೆ

ಮಳೆಗಾಲದಲ್ಲಿ ಒಂದು ತಾಸು ಕರೆಂಟು ಹೋದರೆ ಶಹಾಬಾದಿನಲ್ಲಿ ಕಲ್ಲು ಪಾಲಿಶ್ ಮಾಡುವವರಿಗೆ ನೂರು ರೂಪಾಯಿ ಕೂಲಿ ಹೋಗುತ್ತದೆ, ನನ್ನ ಹೋಟೆಲಿನಲ್ಲಿ ಮೂವತ್ತು ಚಹಾ ಹೆಚ್ಚು ಮಾರುತ್ತವೆ. ಇದು ಅವರಿಗೂ ಗೊತ್ತು. ಅದಕ್ಕೇ ಅಂಥ ದಿನ ಎರಡನೇ ಕಪ್ಪಿಗೆ ನಾನು ದುಡ್ಡು ಕೇಳುವುದಿಲ್ಲ.

ಮೊನ್ನೆ ಆಷಾಢದ ಒಂದು ಮಧ್ಯಾಹ್ನ ಹಾಗೇ ಆಯಿತು. ಮೆಷಿನ್‌ಗಳು ನಿಂತವು. ಮಳೆ ತಗಡನ್ನು ಬಡಿಯುತ್ತಿತ್ತು. ಮೈಗೆ ಹತ್ತಿದ ಕಲ್ಲಿನ ರಾಡಿ ಒರೆಸಿಕೊಳ್ಳುತ್ತ ಆರೇಳು ಜನ ಬಂದು ಬೆಂಚುಗಳ ಮೇಲೆ ಕುಳಿತರು. ಮೂಲೆಯಲ್ಲಿ ಆಗಲೇ ಅನಸುಬಾಯಿ ಇದ್ದಳು. ಎಪ್ಪತ್ತು ದಾಟಿದವಳು, ಗಣಿಯಲ್ಲಿ ಕಲ್ಲು ಹೊತ್ತು ಬೆನ್ನು ಬಾಗಿದವಳು. ಎದುರಿನ ಓಣಿಯಲ್ಲೇ ಮನೆಯಿದ್ದರೂ ಈ ಸಲದ ಮಳೆ ಶುರುವಾದಾಗಿನಿಂದ ದಿನವಿಡೀ ನನ್ನಲ್ಲೇ ಕೂತಿರುತ್ತಾಳೆ.

"ಆಯಿ, ಈ ಬೆಂಚು ನಿನ್ನ ಹೆಸರಿಗಿ ರಿಜಿಸ್ಟರ್ ಮಾಡಿಸ್ಕೊಂಡಿಯೇನು?" ಎಂದ ಮೆಷಿನ್ ನಡೆಸುವ ತೌಸೀಫ್.

"ನಿನ್ನ ಲಗ್ನಕ್ಕ ಆಹೇರಿ ಕೊಡ್ತೀನಿ ಬಿಡೋ ಇದನ್ನ. ಹೆಣ್ಣು ಸಿಗಲಿ ಮೊದಲ," ಎಂದಳು ಮುದುಕಿ. ಎಲ್ಲರೂ ನಕ್ಕರು. ಆಕೆ ನಗಲಿಲ್ಲ.

"ಹಂಗಲ್ಲ ಆಯಿ, ಮನಿಗಿ ಯಾಕ ಹೋಗವಲ್ಲಿ?"

ಆಕೆ ಕಪ್ಪು ಕೆಳಗಿಟ್ಟು ಸೆರಗು ಸರಿಮಾಡಿಕೊಂಡಳು.

"ಕೇಳ್ರಿ ಹಂಗಾದ್ರ. ನಡುವ ಬಾಯಿ ಹಾಕಬ್ಯಾಡ್ರಿ.

ನಮ್ಮ ಓಣ್ಯಾಗ ಮುಗಿಲವ್ವಗ ನಡಕೋತೀವಿ. ಆಕಿಗಿ ಗುಡಿ ಇಲ್ಲ, ಮೂರ್ತಿ ಇಲ್ಲ... ಮುಗಿಲಿಗಿ ಮಾಳಿಗಿ ಹೊಚ್ಚಾಂವ ಯಾರು? ಮಳಿ, ಗಾಳಿ, ಸಿಡಿಲು ಎಲ್ಲಾ ಆಕಿ ಕೈಯಾಗ. ಅದಕ್ಕ ಫರ್ಸಿ ಕಲ್ಲು ಹೊಚ್ಚಿದ ಒಂದೊಂದು ಮನ್ಯಾಗೂ ನಡುವ ಒಂದು ಬೆಳಕಿಂಡಿ ಬಿಡ್ತೀವಿ. ಬಾಕಿ ದಿನ ತಗಡು ಮುಚ್ಚಿದ್ರ ನಡೀತದ, ವರ್ಷದ ಮೊದಲ ಮಳಿಗಿ ಮಾತ್ರ ತೆರದಿರಬೇಕು. ಆಕಿ ಬಗ್ಗಿ ನೋಡಿ ಮನ್ಯಾಗಿನ ಮಂದಿ ಎಣಸ್ತಾಳ. ಎಣಿಕ್ಯಾಗ ಬಂದವರು ಮನಿಯವರು. ಬರದಿದ್ದವರು... ಆಕಿಯವರು.

ಇಪ್ಪತ್ತೊಂದು ವರ್ಷ ಆತು. ನನ್ನ ಗಂಡ ದೇವೀಂದ್ರಪ್ಪ ಗೌಂಡಿ ಇದ್ದ, ಅರ್ಧ ಓಣಿ ಮಾಳಿಗಿ ಅಂವಾ ಹೊಚ್ಚಿದ್ದು. ಮಗಳು ಭುವನೇಶ್ವರಿ ಬಾಣಂತನಕ್ಕ ಬಂದಿದ್ಲು. ಅಳಿಯ ಲಾರಿ ಹೊಡ್ಕೊಂಡು ಹೈದರಾಬಾದಿಗಿ ಹೋದಾಂವ ಹೊಳ್ಳಿ ಬಂದಿದ್ದಿಲ್ಲ. ದಿನ ತುಂಬದ ಕೂಸು, ಅಂಗೈಯಷ್ಟು, ಹುಟ್ಟಿ ಎಂಟು ದಿನ, ಎದಿ ಗೊರಗೊರ ಅಂತಿತ್ತು... ಇರೋದು ಒಂದೇ ಕೋಣಿ. ಮೊದಲ ಮಳಿ ಇರಚಲು ಬಡದ್ರ ಕೂಸು ಉಳೀತದೇನು? ಅಂವ ಬೆಳಕಿಂಡಿ ಮ್ಯಾಲ ಫರ್ಸಿ ಎಳದು ಸಿಮಿಟ್ ಹಚ್ಚಿಬಿಟ್ಟ. ಬ್ಯಾಡ್ರಿ, ತಪ್ಪಾಗ್ತದ ಅಂದೆ. 'ಮುಗಿಲವ್ವಗ ನೂರು ಮನಿ ಅವ, ನನಗ ಒಂದೇ ಮೊಮ್ಮಗಳು' ಅಂದ. ಅದಕ್ಕೇನು ಹೇಳ್ಲಿ ನಾನು?

ಮೂರನೇ ದಿನಕ್ಕ ಮಳಿ ಬಂತು. ಇಡೀ ಓಣಿ ತೊಯ್ಲಕತ್ತದ, ನಮ್ಮ ಮಾಳಿಗಿ ಮ್ಯಾಲ ಒಂದು ಹನಿ ಸಪ್ಪಳಿಲ್ಲ. ಆವಾಗ ಬಾಗಲಾಗ ಒಬ್ಬ ಹೆಣ್ಣುಮಗಳು ಬಂದು ನಿಂತ್ಲು. ಸೆರಗಿನಿಂದ ನೀರು ಸುರಿಲಕತ್ತದ, ಕೆಳಗ ಹೊಸ್ತಿಲು ಒಣಾ ಅದ... 'ಎಷ್ಟು ಮಂದಿ ಅದೀರಿ?' ಅಂದ್ಲು. ರೇಷನ್ ಕಾರ್ಡಿನಾಕಿ ಇರಬೇಕಂತ ಅಂವ 'ಮೂರು' ಅಂದ. ಹೆಸರಿಡದ ಕೂಸಿನ್ನ ನಾವು ಎಣಸಂಗಿಲ್ಲ, ದೃಷ್ಟಿ ಆಗ್ತದಂತ. ಅಂವ ಕೂಸಿನ್ನ ಕಾಯಬೇಕಂತಾನೇ ಹಂಗಂದ. 'ಮೂರೇ?' ಅಂತ ಮತ್ತ ಕೇಳಿದ್ಲು. 'ಮೂರೇ ತಾಯಿ' ಅಂದ.

ಆಕಿ ಹೊಳ್ಳಿ ಹೋದ್ಲು, ಕೂಸಿನ ಅಳು ನಿಂತುಬಿಡ್ತು. ಒಣಾ ತೊಟ್ಟಿಲದಾಗ ಮಲಗಿದ ಕೂಸಿನ ಬಾಯಿಂದ ನೀರು, ತುಟಿ ನೀಲಿ. ಬಾಗಲಿಗಿ ಬಂದಾಕಿ ಯಾರಂತ ಅಂವಗ ಆವಾಗ ತಿಳೀತು. ಸುತ್ತಿಗಿ ತಗೊಂಡು ಮಾಳಿಗಿ ಹತ್ತಿ ಆ ಫರ್ಸಿ ಒಡದ. ಬೆಳಕು ಬಿತ್ತು, ಅಂವನ ಮಾರಿ ಕಾಣ್ತು. ಮುಗಿಲಿಗಿ ಕೈ ಎತ್ತಿ 'ತಪ್ಪಾತವ್ವಾ, ನಾಲ್ಕು ಮಂದಿ' ಅಂತ ಒದರಿದ. ಮ್ಯಾಲಿಂದ ಮೆತ್ತಗ ಕೇಳ್ತು, 'ಮೂರು ಅಂದಿ.' ಅಂವ ತೆಳಗ ತೊಟ್ಟಿಲ ಕಡಿ ಒಮ್ಮೆ ನೋಡಿದ. ಆಮ್ಯಾಲ ಅಂದ... 'ಹೌದವ್ವ, ಮೂರೇ. ನನ್ನ ಬಿಟ್ಟು.'

ಕೂಸು ಚಿಟ್ಟನೆ ಚೀರಿ ಅಳ್ತು. ನಾ ಮ್ಯಾಲ ಹತ್ತಿ ನೋಡ್ತೀನಿ, ಅಂವ ಬಿದ್ದಾನ. ಅಂಗಿ ಒಣಾ, ಮಾಳಿಗಿ ಒಣಾ. ಹೆಣಾ ಕೊಯ್ದು ನೋಡಿದ ಡಾಕ್ಟರ್ ಕೇಳಿದ್ರು, ಯಾವ ಬಾವ್ಯಾಗ ಬಿದ್ದಿದ್ದ ಅಂತ..."

ಒಲೆಯ ಮೇಲೆ ಹಾಲು ಉಕ್ಕಿದ್ದನ್ನು ನಾನು ತಡವಾಗಿ ನೋಡಿದೆ.

"ಕೂಸಿಗಿ ದಾನೇಶ್ವರಿ ಅಂತ ಹೆಸರಿಟ್ಟೆವು. ಅಳಿಯ ಬರಲೇ ಇಲ್ಲ, ತಾಯಿ ಮಗಳು ನನ್ನ ಹತ್ರಾನೇ ಉಳದ್ರು. ಮರುವರ್ಷದ ಮೊದಲ ಮಳಿಗಿ ಬೆಳಕಿಂಡಿಯಿಂದ ದನಿ ಬಂತು. 'ಎಷ್ಟು ಮಂದಿ?' ಅಂತ. ಆಕಿ ದನಿ ಅಲ್ಲ, ನನ್ನ ಗಂಡಂದು. ಆಕಿ ಈಗ ಅಂವನ್ನ ಕಳಸ್ತಾಳೇನೋ... ನಾ 'ಮೂರು' ಅಂದೆ. ಮಾಳಿಗಿ ಮ್ಯಾಲ ನಡದ ಸಪ್ಪಳ ದೂರ ಹೋತು. ವರ್ಷಾ ವರ್ಷಾ ಹಂಗೇ. ಅಂವ ಕೇಳೋದು, ನಾ ಮೂರು ಅನ್ನೋದು. ಕಟಗೊಂಡ ಗಂಡನ್ನ ಎಣಿಕ್ಯಾಗಿಂದ ಬಿಟ್ಟು ಹೇಳೋದು ಸಸಾರೇನ್ರಿ?

ಈ ವೈಶಾಖದಾಗ ದಾನೇಶ್ವರೀನ್ನ ಸೇಡಂಕ್ಕ ಕೊಟ್ಟೆವು. ನಾನು, ಭುವನೇಶ್ವರಿ, ಇಬ್ಬರೇ ಉಳದ್ವಿ. ಮೊದಲ ಮಳಿ ಬಂದಾಗ ನಾ ರೊಟ್ಟಿ ಬಡೀಲಕತ್ತಿದ್ದೆ. ಅಂವ ಕೇಳಿದ. ಇಪ್ಪತ್ತು ವರ್ಷ ಒಂದೇ ಮಾತು ಅಂದ ನಾಲಿಗಿ... 'ಮೂರು' ಅಂದುಬಿಡ್ತು.

ಸಪ್ಪಳ ದೂರ ಹೋಗಲಿಲ್ಲ. ಮೆಟ್ಟಲ ಇಳೀತು."

ನಾಮದೇವ ಎಂಬ ಲೋಡಿಂಗಿನವನು ಮೆಲ್ಲಗೆ ಕೇಳಿದ, "ಇಬ್ಬರೇ ಅಂತ ಈಗ ಹೇಳಬಾರದೇನು ಆಯಿ?"

"ಎಣಿಕಿ ವರ್ಷಕ್ಕ ಒಂದೇ ಸಲ. ಮೂರನೇದಾಂವ ಅಂವನೇ ಆದ. ಗ್ವಾಡಿಗಿ ಬೆನ್ನು ಹಚ್ಚಿ ಕುಂದರ್ತಾನ. ಉಣ್ಣಂಗಿಲ್ಲ, ಮಾತಾಡಂಗಿಲ್ಲ. ಅಂವ ಕುಂತ ಕಡಿ ನೆಲ ಆರಂಗಿಲ್ಲ. ಭುವನೇಶ್ವರಿ ಅಂಜಿ ಸೇಡಂಕ್ಕ ಹೋಗ್ಯಾಳ. ನಾ ರಾತ್ರಿ ಅಷ್ಟೇ ಹೋಗ್ತೀನಿ... ಯಾಕಂದ್ರ ಅಂವ ದಾರಿ ನೋಡ್ತಾನ."

ಕರೆಂಟು ಬಂತು. ಮೆಷಿನ್ ಹಾಕಲು ಯಾರೂ ಏಳಲಿಲ್ಲ.

"ಮೊಮ್ಮಗಳು ಉಳದು ಗಂಡನ ಮನಿಗಿ ಹೋದ್ಲು," ಎಂದಳು ಅನಸುಬಾಯಿ. "ನನ್ನ ಗಂಡ ಸತ್ತು ನನ್ನ ಮನಿಗಿ ಬಂದ."