ಒದೆಯುವ ಅಜ್ಜನ ಕಾಲುಬೆರಳು

ಒಂದು ಊರು. ಆ ಊರಿನಲ್ಲಿ ಒಬ್ಬ ಶ್ರೀಮಂತ. ಯಾವ ಊರು ಎಂದು ಕೇಳಬೇಡಿ. ನಿಮ್ಮ ಬೀಗರ ಊರೇ ಆಗಿಬಿಟ್ಟರೆ ಮುಂದಿನ ಸಲ ನನಗೆ ಇಲ್ಲಿ ಪ್ರಸಾದ ಸಿಗಲಿಕ್ಕಿಲ್ಲ. ಶ್ರೀಮಂತನಿಗೊಂದು ಹೆಸರು ಬೇಕಲ್ಲ, ಮುರಿಗೆಪ್ಪ ಎಂದಿಟ್ಟುಕೊಳ್ಳೋಣ. ಪೆಂಡಾಲು, ಕುರ್ಚಿ, ಅಡುಗೆ ಪಾತ್ರೆ ಬಾಡಿಗೆಗೆ ಕೊಡುವ ವ್ಯಾಪಾರ. ಸುತ್ತಮುತ್ತ ಯಾರ ಮದುವೆಯಾದರೂ ನೆರಳು ಮುರಿಗೆಪ್ಪನದು, ಯಾರು ಸತ್ತರೂ ಬಂದವರು ಕೂರುವ ಕುರ್ಚಿ ಮುರಿಗೆಪ್ಪನದು. ಇಷ್ಟಿದ್ದರೂ ಅವನಿಗೊಂದು ಕೊರಗು. ಜನ ಅವನನ್ನು 'ಕುರ್ಚಿ ಮುರಿಗೆಪ್ಪ' ಅನ್ನುತ್ತಿದ್ದರು. ಊರಿಗೆಲ್ಲ ಕುರ್ಚಿ ಹಾಕಿಸುವವನಿಗೆ ವೇದಿಕೆಯ ಮೇಲೆ ಒಂದೇ ಒಂದು ಕುರ್ಚಿ ಸಿಕ್ಕಿರಲಿಲ್ಲ.

ಅವನ ತಂದೆ ನಿರ್ವಾಣೆಪ್ಪ. ಎಂಬತ್ತು ದಾಟಿದ ಜೀವ. ಮರೆವಿನ ಕಾಯಿಲೆ. ನೋಡಿ, ಕನ್ನಡಕ ಎಲ್ಲಿಟ್ಟೆ ಎಂದು ನಾವು ನೀವು ಮರೆಯುತ್ತೇವಲ್ಲ, ಆ ಮರೆವಲ್ಲ ಇದು. ಕನ್ನಡಕ ಕೈಯಲ್ಲೇ ಇದ್ದರೂ ಇದು ಏತಕ್ಕೆ ಎಂದು ತಿಳಿಯದ ಮರೆವು. ಮಗನನ್ನು 'ಮಾವಾ' ಎಂದು ಕರೆಯುತ್ತಿದ್ದರು. ಸೊಸೆ ಸುಗಲವ್ವ ಒಮ್ಮೊಮ್ಮೆ ಅವರಿಗೆ ತಾಯಿಯಾಗುತ್ತಿದ್ದಳು, ಒಮ್ಮೊಮ್ಮೆ ಪೋಸ್ಟ್‌ಮ್ಯಾನ್ ಆಗುತ್ತಿದ್ದಳು. ಆದರೆ ಮನುಷ್ಯ ಮಾತ್ರ ಬಲು ಮೆತ್ತಗೆ. ಜೀವಮಾನದಲ್ಲಿ ಒಂದು ನಾಯಿಗೆ 'ಹಚಾ' ಅಂದವರಲ್ಲ.

ಅಂಥವರು ಒಂದು ದಿನ ಒದ್ದರು.

ಯಾರಿಗೆ? ಪಕ್ಕದ ಓಣಿಯ ಹಾಲಪ್ಪನಿಗೆ. ಹಾಲಪ್ಪನ ಎಮ್ಮೆ ಕಳೆದಿತ್ತು. ಹುಡುಕಿ ಹುಡುಕಿ ಸೋತು, ಮುರಿಗೆಪ್ಪನ ಕಟ್ಟೆಗೆ ಬಂದು, ಹಿರಿಯರು ಕೂತಿದ್ದಾರೆ ಎಂದು ಬಾಗಿ ಪಾದ ಮುಟ್ಟಿದ. ಅಜ್ಜ ಕಾಲೆತ್ತಿ ಎದೆಗೇ ಒದ್ದರು. ಹಾಲಪ್ಪ ಹಿಂದೆ ಒಟ್ಟಿದ್ದ ಕುರ್ಚಿಗಳ ಮೇಲೆ ಬಿದ್ದ, ಕುರ್ಚಿಗಳು ಅವನ ಮೇಲೆ ಬಿದ್ದವು. ಅಜ್ಜ ಕೂಗಿದರು: "ಮುಳ್ಳ! ಮುಳ್ಳ ತಗೀರಿ!"

ಮುರಿಗೆಪ್ಪನಿಗೆ ನಾಚಿಕೆಯಿಂದ ನೆಲವೇ ಬಾಯಿ ಬಿಡಬಾರದೆ ಅನ್ನಿಸಿತು. "ತಪ್ಪ ತಿಳೀಬ್ಯಾಡ ಹಾಲಪ್ಪ, ಅಪ್ಪಗ ತಿಳಿಯಂಗಿಲ್ಲ" ಎಂದು ಕೈಮುಗಿದ. ಹಾಲಪ್ಪ ಎದೆ ಉಜ್ಜಿಕೊಳ್ಳುತ್ತ ಹೋದ. ದಾರಿಯಲ್ಲಿ ಅವನಿಗೆ ಹೊಳೆಯಿತು: ಮುಳ್ಳು ಎಂದರಲ್ಲ! ಕೆರೆಯ ಹಿಂದಿನ ಜಾಲಿ ಕಂಟಿಯಲ್ಲಿ ನುಗ್ಗಿ ನೋಡುತ್ತಾನೆ, ಮುಳ್ಳಿನಲ್ಲಿ ಸಿಕ್ಕಿಹಾಕಿಕೊಂಡು ಎಮ್ಮೆ ನಿಂತಿದೆ!

ಅಷ್ಟೇ. ಮುಗಿಯಿತು ನಿರ್ವಾಣೆಪ್ಪನವರ ನೆಮ್ಮದಿ.

ಈಗ ನಿಮಗೆ ನಿಜ ಹೇಳಿಬಿಡುತ್ತೇನೆ. ಅಜ್ಜನ ಬಲಗಾಲಿನ ಹೆಬ್ಬೆರಳಿನ ಉಗುರು ಮಾಂಸದೊಳಕ್ಕೆ ಬೆಳೆದಿತ್ತು. ಒಳಗೆ ಕೀವು ತುಂಬಿತ್ತು. ಯಾರಾದರೂ ಮುಟ್ಟಿದರೆ ಪ್ರಾಣ ಹೋಗುವಷ್ಟು ನೋವು. ನಿಮಗೆ ಗೊತ್ತಾಯಿತಲ್ಲ? ಆ ಊರಿನಲ್ಲಿ ಯಾರಿಗೂ ಗೊತ್ತಾಗಲಿಲ್ಲ. ಯಾಕೆ ಗೊತ್ತಾಗಲಿಲ್ಲ? ಎಲ್ಲರೂ ಆ ಪಾದ ಮುಟ್ಟಿದರು, ಒಬ್ಬರೂ ಆ ಪಾದ ನೋಡಲಿಲ್ಲ!

ಮರುದಿನ ಮೂವರು ಬಂದರು. ಆ ಮೇಲೆ ಓಣಿ ತುಂಬ ಬಂದರು. ಮದುವೆಯಾಗದವರು, ವರ್ಗಾವಣೆ ಬೇಕಾದವರು, ಪರೀಕ್ಷೆಗೆ ಕೂತವರು. ಬರುವುದು, ಪಾದ ಮುಟ್ಟುವುದು, ಒದೆಸಿಕೊಳ್ಳುವುದು, 'ಪಾವನನಾದೆ' ಎಂದು ಎದ್ದು ಹೋಗುವುದು. ಎದೆಗೆ ಬಿದ್ದರೆ ದೊಡ್ಡ ಕೆಲಸ ಆಗುತ್ತದೆ, ಭುಜಕ್ಕೆ ಬಿದ್ದರೆ ಸಣ್ಣದು ಎಂದು ಯಾರೋ ಲೆಕ್ಕ ಕಟ್ಟಿದರು. ಯಾವ ಕೋನದಲ್ಲಿ ಬಾಗಿದರೆ ಎದೆಗೆ ಬೀಳುತ್ತದೆ ಎಂದು ಕೆಲವರು ಮನೆಯಲ್ಲಿ ಅಭ್ಯಾಸ ಮಾಡಿಕೊಂಡು ಬಂದರು. ಒಬ್ಬ ಹೆಣ್ಣುಮಗಳು ಸುಗಲವ್ವನ ಸೆರಗು ಹಿಡಿದು ಅತ್ತಳು: "ನನಗ ಬರೇ ಗುರ್ ಅಂದ್ರವ್ವಾ, ಒದೀಲೇ ಇಲ್ಲ. ನಂದೇನ ತಪ್ಪಾಗೇತಿ ಹೇಳ!"

ನಗುತ್ತೀರಾ? ನಗಿ, ನಗಿ. ಮುಂದೆ ಕೇಳಿ.

ಮುರಿಗೆಪ್ಪನ ಬಳಿ ಪೆಂಡಾಲಿಗೆ ಬರವೇ? ಮನೆಯ ಮುಂದೆ ಹಾಕಿಸಿದ. ಕುರ್ಚಿ ಸಾಲಾಗಿ ನಿಂತವು. ಜನ ಈಗ ಅವನನ್ನು 'ಅಪ್ಪಾರ ಮಗ' ಎಂದು ಕರೆಯತೊಡಗಿದರು. ಒಂದು ಸಮಾರಂಭದಲ್ಲಿ ವೇದಿಕೆಗೂ ಕರೆದರು. ನಡುವಿನ ಕುರ್ಚಿಯನ್ನೇ ಕೊಟ್ಟರು. ಅದು ಅವನದೇ ಕುರ್ಚಿ, ಬಾಡಿಗೆಗೆ ಕೊಟ್ಟದ್ದು. ಆದರೂ ಅದರ ಮೇಲೆ ಕೂತಾಗ ಅವನ ಕಣ್ಣು ತುಂಬಿಬಂತು.

ಇತ್ತ ಅಜ್ಜ 'ಮುಳ್ಳ ತಗೀರಿ' ಅನ್ನುತ್ತಲೇ ಇದ್ದರು. ಒಬ್ಬ ತನ್ನ ಹೊಲದ ಮುಳ್ಳುಬೇಲಿ ಕಿತ್ತೆಸೆದ. ಅಕ್ಕಪಕ್ಕದ ದನಗಳೆಲ್ಲ ನುಗ್ಗಿ ಅವನ ಜೋಳ ಮೇಯ್ದವು. ಇನ್ನೊಬ್ಬರು ನಿವೃತ್ತ ಮಾಸ್ತರರು, ಮುಳ್ಳೆಂದರೆ ಅಹಂಕಾರ ಎಂದು ದಿನವೂ ಸಂಜೆ ವ್ಯಾಖ್ಯಾನ ಮಾಡಿದರು. ಎಷ್ಟು ಚೆನ್ನಾಗಿ ಮಾಡಿದರೆಂದರೆ ಅವರಿಗೇ ಸ್ವಲ್ಪ ಅಹಂಕಾರ ಬಂತು. ನೋಡಿ, ಒಂದು ಜೀವ ಬಾಯಿಬಿಟ್ಟು ಹೇಳುತ್ತಿದೆ, ಚುಚ್ಚುತ್ತಿದೆ ತೆಗೀರಿ ಅಂತ. ಇದಕ್ಕಿಂತ ಸ್ಪಷ್ಟವಾಗಿ ಇನ್ನು ಹೇಗೆ ಹೇಳಬೇಕು? ಅದಕ್ಕೂ ಭಾಷ್ಯ ಬರೆದರು!

ಸುಗಲವ್ವನಿಗೆ ಮಾತ್ರ ಸಮಾಧಾನವಿರಲಿಲ್ಲ.

"ಮಾವಾರು ಸರಿಯಾಗಿ ಉಣ್ಣಾಂಗಿಲ್ರಿ. ನಿದ್ದಿನೂ ಮಾಡಾಂಗಿಲ್ಲ. ಸ್ನಾನಾ ಮಾಡಸಾಕ ಹೋದ್ರ ಚೀರತಾರ" ಎಂದಳು ಗಂಡನಿಗೆ.

"ಇಂಥಾ ಮಹಾತ್ಮರು ಉಣ್ಣಾಂಗಿಲ್ಲಂತ. ಮಾಸ್ತರ ಹೇಳ್ಯಾರ" ಎಂದ ಮುರಿಗೆಪ್ಪ. "ನೋವೈತೇನ ಕೇಳೀಯಿಲ್ಲ?"

"ಕೇಳೀನ್ರಿ. ಇಲ್ಲ ಅಂದ್ರು."

"ಮತ್ತ? ಅವರ ಇಲ್ಲ ಅಂದ್ಮ್ಯಾಲೆ ನಡುವ ನಿಂದೇನ?"

ಅಲ್ಲಿಗೆ ಆ ಮಾತು ಮುಗಿಯಿತು. ಭಕ್ತರು ಸೇರಿ ಅಜ್ಜನಿಗೆ ಬೆಳ್ಳಿಯ ಪಾದಕವಚ ಮಾಡಿಸಿ ತಂದರು. ಅಕ್ಕಸಾಲಿಗ ದೂರದಿಂದ ನೋಡಿಯೇ ಅಳತೆ ಹಿಡಿದಿದ್ದ, ಸ್ವಲ್ಪ ಬಿಗಿಯಾಯಿತು. ಒತ್ತಿ ತೊಡಿಸಿದರು. ಅಜ್ಜ ಊರಿಗೆಲ್ಲ ಕೇಳುವಂತೆ ಚೀರಿದರು. ಕೂಡಿದ ಜನ ಏನೆಂದಿತು ಗೊತ್ತೇ? 'ಜಯವಾಗಲಿ' ಎಂದಿತು. ಆ ಮೇಲಿಂದ ಅಜ್ಜ ಮುಳ್ಳು ಅನ್ನುವುದನ್ನೂ ಬಿಟ್ಟರು. ಆ ಮಾತೂ ಅವರ ಕೈತಪ್ಪಿ ಹೋಯಿತು. ಬರೀ ಗುರ್ ಅನ್ನುವುದು, ಒದೆಯುವುದು.

ಒಂದು ಮಧ್ಯಾಹ್ನ. ಜನವೆಲ್ಲ ಊಟಕ್ಕೆ ಹೋಗಿತ್ತು. ಬೆಳ್ಳಿ ಕವಚವನ್ನು ಹೊಳಪು ಹಾಕಲು ಒಯ್ದಿದ್ದರು. ಅಜ್ಜ ಮಂಚದ ಮೇಲೆ ತೂಕಡಿಸುತ್ತಿದ್ದರು. ಬಹಳ ದಿನಗಳ ಮೇಲೆ ಮುರಿಗೆಪ್ಪ ಅಪ್ಪನ ಪಕ್ಕದಲ್ಲಿ ಒಬ್ಬನೇ ಕೂತ. ಫ್ಯಾನಿನ ಗಾಳಿಗೆ ತೆಳ್ಳನೆಯ ದುಪ್ಪಟಿ ಹಾರಿ ಅಜ್ಜನ ಬೆರಳಿಗೆ ತಾಗಿತು. ಅಜ್ಜ ದುಪ್ಪಟಿಗೆ ಒದ್ದರು.

ಮುರಿಗೆಪ್ಪನಿಗೆ ಮೊದಲು ಏನೂ ಅನ್ನಿಸಲಿಲ್ಲ. ಮತ್ತೆ ದುಪ್ಪಟಿ ಹಾರಿತು, ಮತ್ತೆ ಒದ್ದರು. ದುಪ್ಪಟಿಗೆ ಯಾವ ಕಷ್ಟ? ದುಪ್ಪಟಿಗೆ ಯಾವ ಮದುವೆ ಆಗಬೇಕಿತ್ತು, ಯಾವ ವರ್ಗಾವಣೆ ಬೇಕಿತ್ತು? ದುಪ್ಪಟಿಗೂ ಆಶೀರ್ವಾದವೇ?

ಅವನು ಅಪ್ಪನ ಮುಖ ನೋಡಿದ. ಇಷ್ಟು ದಿನ ಸಾಲು ನೋಡಿದ್ದ, ಬಾಗಿದ ಬೆನ್ನುಗಳನ್ನು ನೋಡಿದ್ದ, ಒದೆ ಎಲ್ಲಿ ಬಿತ್ತೆಂದು ನೋಡಿದ್ದ. ಮುಖ ನೋಡಿರಲಿಲ್ಲ. ಹುಬ್ಬು ಗಂಟು ಕಟ್ಟಿತ್ತು. ಹಲ್ಲು ಕಚ್ಚಿದ್ದರು. ಕಣ್ಣು ಬಿಗಿಯಾಗಿ ಮುಚ್ಚಿ, ಕೈಯಿಂದ ಮಂಚದ ಪಟ್ಟಿ ಹಿಡಿದಿದ್ದರು. ಒಂದು ಕಣ್ಣಿನ ಮೂಲೆಯಿಂದ ನೀರು ಇಳಿದಿತ್ತು.

"ಸುಗಲಾ! ಬೆಚ್ಚನ ನೀರ ತಗೊಂಬಾ!"

ಇಬ್ಬರೂ ಕೂತು ಆ ಪಾದ ತೊಳೆದರು. ಅರಿಸಿನ ಹೋಯಿತು, ಕುಂಕುಮ ಹೋಯಿತು, ಒಣಗಿದ ಹಾಲು, ಅಂಟಿದ ಹೂವಿನ ಎಸಳು, ಎಷ್ಟು ಜನರ ಭಕ್ತಿಯೋ ಪದರ ಪದರವಾಗಿ ಹೋಯಿತು. ಕೆಳಗೆ ಬೆರಳು ಕಂಡಿತು. ಬದನೆಕಾಯಿಯ ಬಣ್ಣಕ್ಕೆ ತಿರುಗಿ ಊದಿತ್ತು. ಉಗುರಿನ ಅಂಚಿನಲ್ಲಿ ಕೀವು. ತೊಳೆಯುವಾಗ ಅಜ್ಜ ಮಗನಿಗೂ ಒದ್ದರು. ಕನ್ನಡಕ ಹಾರಿ ಮುರಿಯಿತು. ಮುರಿಗೆಪ್ಪ ಪಾದವನ್ನು ತೊಡೆಯ ಮೇಲಿಟ್ಟುಕೊಂಡು ಅತ್ತ. "ಮುಳ್ಳ ತಗೀರಿ ಅಂದ್ಯಲ್ಲೋ ಯಪ್ಪಾ. ನಾ ಪೆಂಡಾಲ ಹಾಕಿಸಿದೆ."

ಡಾಕ್ಟರ್ ಶಾಹೀನಾ ಬಂದರು. ಬೆರಳು ನೋಡಿದರು, ಮೈಯೆಲ್ಲ ನೋಡಿದರು, ಸಕ್ಕರೆ ಕಾಯಿಲೆ ಇದೆಯೇ ಎಂದು ರಕ್ತ ಪರೀಕ್ಷಿಸಿದರು.

"ನೋವೈತೇನ ಅಂತ ಕೇಳಿದ್ವಿರಿ" ಎಂದಳು ಸುಗಲವ್ವ. "ಇಲ್ಲ ಅಂದ್ರು."

"ಈಗ ಕೇಳ್ರಿ."

"ಮಾವಾರ, ಕಾಲ ನೋಯ್ತೈತೇನ್ರಿ?"

"ಇಲ್ಲ" ಎಂದರು ಅಜ್ಜ, ಹಲ್ಲು ಕಚ್ಚಿಕೊಂಡೇ.

"ನೋಡ್ರಿ, ನೋವು ಅನ್ನೋ ಮಾತು ಹೋಗೇತಿ, ನೋವು ಹೋಗಿಲ್ಲ" ಎಂದರು ಡಾಕ್ಟರ್. "ಬಾಯಿ ಮಾತೊಂದನ್ನ ನಂಬಬ್ಯಾಡ್ರಿ. ಮಾರಿ ನೋಡ್ರಿ, ಹುಬ್ಬು ಹಲ್ಲು ನೋಡ್ರಿ. ಏಳಸುವಾಗ, ಹೊರಳಸುವಾಗ, ಜಳಕಾ ಮಾಡಸುವಾಗ ನೋಡ್ರಿ. ಮೆತ್ತಗಿದ್ದ ಮನಷಾ ಒಮ್ಮೆಲೇ ಜಗಳಗಂಟ ಆದ ಅಂದ್ರ, ಎಲ್ಲೋ ಏನೋ ನೋಯಾಕ ಹತ್ತೇತಿ ಅಂತ ಮೊದಲ ತಿಳ್ಕೋರಿ."

"ನಿದ್ದಿ ಗುಳಿಗಿ ಕೊಡಸ್ರಿ, ಒದಿಯೋದು ನಿಲ್ತೈತಿ ಅಂತ ಒಬ್ರು ಅಂದಿದ್ರು" ಎಂದ ಮುರಿಗೆಪ್ಪ.

"ಒದಿಯೋದು ನಿಲ್ಲತಿತ್ತು. ನೋಯೋದು ನಿಲ್ಲತಿದ್ದಿಲ್ಲ."

ಮರಗಟ್ಟಿಸುವ ಸೂಜಿ ಹಾಕಿ, ಒಳಗೆ ಬೆಳೆದ ಉಗುರಿನ ಚೂರು ತೆಗೆದು, ಪಟ್ಟಿ ಕಟ್ಟಿದರು. ಕೀವಿಗೆ ಔಷಧಿ, ನೋವಿಗೆ ಗುಳಿಗೆ. "ಬೇಡಿದಾಗ ಕೊಡೋಣು ಅಂತ ಕಾಯಬ್ಯಾಡ್ರಿ, ಅವರು ಬೇಡಾಂಗಿಲ್ಲ. ನಾ ಬರಕೊಟ್ಟಷ್ಟ, ಬರಕೊಟ್ಟ ಹೊತ್ತಿಗೆ ಕೊಡ್ರಿ. ಕೊಟ್ಟ ಮ್ಯಾಲೆ ಮತ್ತ ಮಾರಿ ನೋಡ್ರಿ, ಹಗರಾತೇನ ಅಂತ" ಎಂದು ಹೇಳಿ ಹೋದರು.

ಸುದ್ದಿ ಊರಿಗೆ ಹಬ್ಬಿತು. ಜನ ಸಂತೋಷಪಟ್ಟರೇ? ಇಲ್ಲ! ದಂಡುಕಟ್ಟಿ ಬಂದರು. ಮುಂದೆ ಚನವೀರಗೌಡರು. ಅವರು ಮಾರುಕಟ್ಟೆ ಸಮಿತಿಯ ಚುನಾವಣೆಗೆ ನಿಲ್ಲುವವರಿದ್ದರು.

"ಮುರಿಗೆಪ್ಪಾ, ಅಪ್ಪಾರಿಗೆ ಔಷಧ ಕೊಡಸೀಯಂತಲ್ಲ? ಇದು ಊರಿನ ಪ್ರಶ್ನಿ. ನನ್ನ ಅರ್ಜಿ ಹಾಕೋಮಟ ಗುಳಿಗಿ ತಡದ ಬಿಡು. ಒಂದ ಒದಿ ಬಿದ್ರ ಸಾಕು."

"ಗೌಡ್ರ, ನಿಮ್ಮ ಹಲ್ಲ ನೋಯುವಾಗ ಯಾರ ಚುನಾವಣಿ ಮುಗಿಯೋತನಕ ಗುಳಿಗಿ ತಡದಿದ್ರಿ?"

"ಅದು ಬ್ಯಾರೆ. ನಾವು ಸಾಮಾನ್ಯ ಮನಷ್ಯಾರು."

"ನಮ್ಮಪ್ಪನೂ ಸಾಮಾನ್ಯ ಮನಷ್ಯಾರಿ."

ಎಂಥ ಮಾತು! ಇಷ್ಟು ದಿನ 'ಅಪ್ಪಾರ ಮಗ' ಆಗಿದ್ದವನು, ವೇದಿಕೆಯ ಕುರ್ಚಿಗಾಗಿ ಹಂಬಲಿಸಿದವನು, ಆ ಕುರ್ಚಿಯನ್ನು ತಾನೇ ಒದ್ದುಬಿಟ್ಟ. ಹೊರಗೆ ಹೋಗಿ ಪೆಂಡಾಲಿನ ಹಗ್ಗ ಬಿಚ್ಚಿದ. ಸಾಲಿನಲ್ಲಿ ಇನ್ನೂ ಕೂತೇ ಇದ್ದವರ ತಲೆಯ ಮೇಲೆ ಬಟ್ಟೆ ಕುಸಿದು ಬಿತ್ತು. ಅದರೊಳಗಿನಿಂದಲೂ ಒಬ್ಬ 'ನನ್ನ ಪಾಳಿ ಬಂದಿತ್ತು' ಎಂದು ಕೂಗುತ್ತಿದ್ದ.

ಚನವೀರಗೌಡರು ಬಿಡುವವರಲ್ಲ. ಅರ್ಜಿ ಹಾಕುವ ದಿನ ಬೆಳಗ್ಗೆ ಸುಗಲವ್ವ ಹಿತ್ತಲಲ್ಲಿದ್ದಾಗ ನೇರ ಒಳಗೆ ಬಂದು ಅಜ್ಜನ ಮುಂದೆ ಉದ್ದಕ್ಕೆ ಅಡ್ಡಬಿದ್ದರು. ಮುರಿಗೆಪ್ಪ ಓಡಿಬಂದ. ಅಷ್ಟರಲ್ಲಿ ಗೌಡರು ಆ ಬೆರಳನ್ನು ಹಿಡಿದೇಬಿಟ್ಟಿದ್ದರು. "ಒದೀರಿ ಯಪ್ಪಾ, ಒಂದ ಸಲ ಒದೀರಿ!"

ಬೆರಳು ವಾಸಿಯಾಗಿತ್ತು. ಅಜ್ಜ ಒದೆಯಲಿಲ್ಲ. ನೆಲದ ಮೇಲೆ ಮಲಗಿದ್ದ ಆ ಭಾರೀ ಮನುಷ್ಯನನ್ನು ಬಹಳ ಹೊತ್ತು ನೋಡಿದರು. ಆ ಮೇಲೆ ಮೆಲ್ಲಗೆ ಬಾಗಿ ಅವರ ತಲೆ ಮುಟ್ಟಿ ಕೇಳಿದರು:

"ಬಿದ್ದೇನಪಾ? ಎಲ್ಲಿ ಪೆಟ್ಟಾತು?"

ಕೇಳಿದಿರಾ? ಮಗನ ಹೆಸರು ಮರೆತಿತ್ತು. ಸೊಸೆ ಪೋಸ್ಟ್‌ಮ್ಯಾನ್ ಆಗಿದ್ದಳು. ನೋವು ಎಂಬ ಮಾತೇ ಮರೆತಿತ್ತು. ಆದರೂ ಬಿದ್ದವನನ್ನು ಕಂಡಾಗ ಆ ಹಿರಿಯ ಜೀವ ಕೇಳಿತು: ಎಲ್ಲಿ ಪೆಟ್ಟಾತು? ಇಡೀ ಊರು ಅವರಿಗೆ ಕೇಳದ ಪ್ರಶ್ನೆಯನ್ನು ಅವರು ಊರಿಗೆ ಕೇಳಿದರು.

ಗೌಡರು ಅಳುತ್ತ ಎದ್ದು ಹೋದರು. ಚುನಾವಣೆಯಲ್ಲಿ ಸೋತರು. ಒದೆ ಬೀಳದ್ದಕ್ಕೇ ಸೋತೆ ಎಂದು ಈಗಲೂ ಹೇಳಿಕೊಂಡು ತಿರುಗುತ್ತಾರೆ. ಅಜ್ಜನ ಮರೆವು ಹೋಗಲಿಲ್ಲ. ಅದು ಹೋಗುವ ಕಾಯಿಲೆಯಲ್ಲ. ಆದರೆ ಉಂಡರು, ನಿದ್ದೆ ಮಾಡಿದರು, ಮಗನನ್ನು ಮಾವ ಎಂದು ಕರೆದು ಪ್ರೀತಿಯಿಂದ ಪಕ್ಕಕ್ಕೆ ಕೂರಿಸಿಕೊಂಡರು.

ಈಗ ನಿಮ್ಮ ಮನೆಗೆ ಬರೋಣ. ಹೆದರಬೇಡಿ, ಊಟಕ್ಕಲ್ಲ.

ನಿಮ್ಮ ಮನೆಯಲ್ಲಿ ಒಬ್ಬ ಅತ್ತೆ ಇದ್ದಾರೆ, ಊಟದ ತಟ್ಟೆ ದೂಡುತ್ತಾರೆ. ನೀವು ಅದಕ್ಕೆ ಹಟ ಎಂದು ಹೆಸರಿಟ್ಟಿದ್ದೀರಿ. ಅವರ ಬಾಯೊಳಗೆ ಎಂದಾದರೂ ನೋಡಿದ್ದೀರಾ? ಹಲ್ಲು ಮುರಿದಿರಬಹುದು, ವಸಡು ಹುಣ್ಣಾಗಿರಬಹುದು. ನಿಮ್ಮ ಓಣಿಯಲ್ಲಿ ಒಬ್ಬ ತಂದೆ ಇದ್ದಾರೆ, ಎಬ್ಬಿಸಲು ಹೋದರೆ ಕೈ ಕಚ್ಚುತ್ತಾರೆ. ಸೊಂಟ ನೋಯುತ್ತಿದೆಯೋ ಏನೋ, ಹಿಮ್ಮಡಿಯಲ್ಲಿ ಹುಣ್ಣಿದೆಯೋ ಏನೋ, ಎರಡು ದಿನದಿಂದ ಹೊಟ್ಟೆ ಸಾಫಾಗಿಲ್ಲವೋ ಏನೋ. ವಯಸ್ಸಾಯಿತು ಅಂದುಬಿಟ್ಟಿರಿ. ತಲೆ ಕೆಟ್ಟಿದೆ ಅಂದುಬಿಟ್ಟಿರಿ. ಇವೂ ಭಾಷ್ಯಗಳೇ! ಆ ಊರಿನವರು ಒದೆಗೆ ವರ ಎಂದು ಹೆಸರಿಟ್ಟರು, ನೀವು ಒದೆಗೆ ಹುಚ್ಚು ಎಂದು ಹೆಸರಿಟ್ಟಿರಿ. ಬೆರಳನ್ನು ಅವರೂ ನೋಡಲಿಲ್ಲ, ನೀವೂ ನೋಡಲಿಲ್ಲ.

ಸುಮ್ಮನಿದ್ದವರನ್ನು ಮರೆಯಬೇಡಿ ಮತ್ತೆ. ಎಲ್ಲರೂ ಒದೆಯುವುದಿಲ್ಲ. ಕೆಲವರು ಗೋಡೆಯ ಕಡೆ ತಿರುಗಿ ಮಲಗಿಬಿಡುತ್ತಾರೆ. ಅವರ ಮುಖ ನೋಡಬೇಕಾದರೆ ನೀವೇ ಎದ್ದು ಗೋಡೆಯ ಕಡೆಗೆ ಹೋಗಬೇಕು.

ಆದ್ದರಿಂದ ಇವತ್ತು ಪ್ರಸಾದ ಮುಗಿದ ಮೇಲೆ ನನ್ನ ಪಾದಕ್ಕೆ ಸಾಲು ನಿಲ್ಲಬೇಡಿ. ನನ್ನ ಬೆರಳುಗಳು ಚೆನ್ನಾಗಿವೆ. ನೋವಾದರೆ ಹೇಳಲು ನನಗೆ ಬಾಯಿದೆ, ಮೈಕೂ ಇದೆ. ಮನೆಗೆ ಹೋಗಿ. ಹೇಳಲಾಗದವರ ಕಾಲನ್ನು ನಿಮ್ಮ ಕೈಯಿಂದ ತೊಳೆಯಿರಿ. ಬೆರಳ ಸಂದು ನೋಡಿ, ಬೆನ್ನು ನೋಡಿ, ಬಾಯಿ ನೋಡಿ. ತೊಳೆಯುವಾಗ ಮುಖದ ಮೇಲೆ ಕಣ್ಣಿರಲಿ. ಹುಬ್ಬು ಗಂಟಾದರೆ ಅಲ್ಲೇ ನಿಲ್ಲಿಸಿ, ನಾಳೆಯೇ ಡಾಕ್ಟರರಿಗೆ ತೋರಿಸಿ. ಅವರು ಕೊಟ್ಟ ಗುಳಿಗೆಯನ್ನು, ಅಜ್ಜ ಕೇಳಲಿಲ್ಲ ಎಂದು ಕಪಾಟಿನಲ್ಲಿ ಇಡಬೇಡಿ.

ಏಳಿ, ಹೊರಡಿ. ನೀರು ಬೆಚ್ಚಗಿರಲಿ. ಮೊದಲು ನಿಮ್ಮ ಕೈಗೆ ಹಾಕಿಕೊಂಡು ನೋಡಿ.