ಮದುಮಗನ ಮಣೆ

ತುಳುವರ ಆಟಿ ತಿಂಗಳ, ಅಂದರೆ ಆಷಾಢದ, ಆ ಸಂಜೆ ಮಣಿಪಾಲದಲ್ಲಿ ಮಳೆ ಹೊಡೆದ ಹೊಡೆತಕ್ಕೆ ಫಿಲ್ಮ್ ಕ್ಲಬ್ಬಿನ ಕರೆಂಟು ಹೋಯಿತು. ಸ್ಪೇನಿನ ಮೂರು ಕಿರುಚಿತ್ರಗಳು ಮುಗಿದಿದ್ದವು. ಕತೆಯಿಲ್ಲ, ಮನುಷ್ಯರಿಲ್ಲ, ಬರೀ ಗೆರೆ, ಬೆಳಕು, ಬಣ್ಣ. ಅದೇ ಧಾಟಿಯಲ್ಲಿ ಶ್ರವಣ್ ಮಾಡಿ ಬಹುಮಾನ ಗೆದ್ದ ಚಿತ್ರ ಅರ್ಧಕ್ಕೆ ನಿಂತಿತ್ತು. ಅವನು ಮುಂದಿನ ಸಾಲಿನಲ್ಲಿ ಒಬ್ಬನೇ ಇದ್ದ. ಮುಂದಿನ ತಿಂಗಳು ಅವನೊಡನೆ ನಿಶ್ಚಿತಾರ್ಥವಾಗಲಿದ್ದ ಅಶ್ವಿನಿ ತಡವಾಗಿ ಬಂದು ಹಿಂದೆ ಕೂತಿದ್ದಳು.

ಹಾಲ್ ಗುಡಿಸುವ ಗುಣವತಿಯಮ್ಮ ಮೇಣದ ಬತ್ತಿ ಹಚ್ಚಿಟ್ಟು, ಪೊರಕೆಯನ್ನು ಗೋಡೆಗೆ ಒರಗಿಸಿದರು.

“ಶ್ರವಣನ ಈ ಸಿನೆಮಾದಲ್ಲಿ ಯಾರೂ ಇಲ್ಲ ಅಂತ ನೀವು ಚಪ್ಪಾಳೆ ಹೊಡೆಯುವುದು, ಅಲ್ವಾ?”

“ಬರೇ ಬಣ್ಣ ಐತಲ್ರೀ ಅಮ್ಮಾ ಅದರಾಗ,” ಎಂದಳು ಅಶ್ವಿನಿ.

“ಆ ಕೆಂಪು ಬಣ್ಣ ನನ್ನ ಮಗಳ ಸೀರೆ ಮಗಾ... ತೃಷಾ ಹತ್ತು ವರ್ಷಕ್ಕೇ ಜ್ವರದಲ್ಲಿ ಹೋದಳು. ಪ್ರಾಯ ತುಂಬುವ ಹೊತ್ತಿಗೆ ಕನಸಿಗೆ ಬರಲಿಕ್ಕೆ ಶುರು, ಅಮ್ಮ, ನನಗೆ ಮದುವೆ ಯಾವಾಗ ಅಂತ. ಬದುಕಿದವರಿಗೆ ಆಟಿಯಲ್ಲಿ ಮದುವೆ ಇಲ್ಲ, ಸತ್ತವರಿಗೆ ಉಂಟು ನಮ್ಮಲ್ಲಿ. ಮೂರು ವರ್ಷ ಅಲೆದು ಹೆಬ್ರಿಯಲ್ಲಿ ಒಂದು ಹುಡುಗನನ್ನು ಹುಡುಕಿದೆ, ಅವನೂ ತೀರಿಹೋದವನೇ. ಕುಕ್ಕುಂದೂರಿನ ಮನೆಯಲ್ಲಿ ಎರಡು ಮಣೆ ಇಟ್ಟೆವು, ಒಂದರಲ್ಲಿ ಇವಳ ಕೆಂಪು ಸೀರೆ, ಬಳೆ, ಮಲ್ಲಿಗೆ... ಇನ್ನೊಂದರಲ್ಲಿ ಅವನ ಬಿಳಿ ಪಂಚೆ. ಸಿನೆಮಾ ತೆಗೆಯುತ್ತೇನೆ ಅಂತ ಶ್ರವಣ್ ಬಂದ. ಬಾ ಅಂದದ್ದು ನಾನೇ! ಧಾರೆಗೆ ಮೊದಲು ಇವನು ಎಂತ ಮಾಡಿದ ಗೊತ್ತುಂಟಾ? ಪಂಚೆಯನ್ನು ಆಚೆ ಸರಿಸಿ, ಆ ಮಣೆಯಲ್ಲಿ ತಾನೇ ಕೂತ!”

“ಫೋಕಸ್ ನೋಡಲಿಕ್ಕೆ ಒಂದು ನಿಮಿಷ ಕೂತದ್ದು ಮಾರಾಯ್ರೆ,” ಎಂದ ಶ್ರವಣ್, ತಿರುಗದೆ.

“ಒಂದು ನಿಮಿಷ ಸಾಕಲ್ಲ? ಗಾಳಿಯೇ ಇರಲಿಲ್ಲ, ಅವಳ ಮಲ್ಲಿಗೆ ಜಾರಿ ಇವನ ಮಡಿಲಿಗೆ ಬಿತ್ತು. ಹೆಬ್ರಿಯವರು ಪಂಚೆ ಮಡಚಿಕೊಂಡು, ಊಟವೂ ಮಾಡದೆ ಹೋದರು. ಇವನಿಗೆ ಬಹುಮಾನ ಬಂತು. ನನಗೆ? ತೃಷಾ ಆಮೇಲೆ ನನ್ನ ಕನಸಿಗೂ ಬರಲಿಲ್ಲ... ಗಂಡ ಸಿಕ್ಕಿದ ಮೇಲೆ ಅಮ್ಮ ಯಾಕೆ?”

ಗುಣವತಿಯಮ್ಮ ಕತ್ತಲಾದ ಪರದೆಯತ್ತ ತಿರುಗಿದರು.

“ಈ ಸಿನೆಮಾ ಹಾಕಿದ ಪ್ರತಿ ಸಲ ನಾನು ಬಾಗಿಲಲ್ಲಿ ನಿಂತು ಆ ಸೀರೆ ನೋಡುವುದು. ಇವತ್ತು ನೀವು ನೋಡಿದಿರಾ?”

ಅಶ್ವಿನಿಗೆ ನೆನಪಾಯಿತು. ಇವತ್ತು ಶ್ರವಣನ ಚಿತ್ರ ಓಡಿದಷ್ಟು ಹೊತ್ತೂ ಪರದೆಯಲ್ಲಿ ಬಿಳಿ ಮಾತ್ರ ಇತ್ತು, ಕೆಂಪು ಎಲ್ಲೂ ಕಾಣಲಿಲ್ಲ. ಅವಳು ಎದ್ದು, ಕತ್ತಲಲ್ಲಿ ತಡವರಿಸುತ್ತ ಶ್ರವಣನ ಪಕ್ಕದ ಕುರ್ಚಿಯತ್ತ ನಡೆದಳು.

“ಅಲ್ಲಿ ಬೇಡ ಮಗಾ,” ಎಂದರು ಗುಣವತಿಯಮ್ಮ ಮೆಲ್ಲಗೆ. “ಅದು ಖಾಲಿ ಇಲ್ಲ.”