ಜ್ವರದವರು ಹತ್ತಿದ ಮೇಲೆ ಕೋಲು

ಸೇರಿರುವ ಹಿರಿಯರಿಗೆ, ತಾಯಂದಿರಿಗೆ, ಮುಂದೆ ಕೂತಿರುವ ನಮ್ಮ ಸುಂದ್ರಮ್ಮನವರಿಗೆ — ಡ್ರೈವರ್ ಕೆಂಪಯ್ಯನ ಶರಣು. ಈ ಕೋಟೆ ಸ್ಟೇಷನ್ ಮಾಸ್ಟರಾಗಿದ್ದ ಕಂಠಪ್ಪನವರು ಹೋದ ವಾರ ಲಿಂಗೈಕ್ಯರಾದರು. ಅವರ ಬಗ್ಗೆ ನಾಲ್ಕು ಮಾತಾಡಿ ಅಂತ ಅವರ ಮನೆಯವರು ಸುಂದ್ರಮ್ಮನವರೇ ಹೇಳಿದ್ದಾರೆ. ನನಗೆ ಭಾಷಣ ಬರಲ್ಲ. ಇಂಜಿನ್ ಸದ್ದಿನ ಮೇಲೆ ಕೂಗಿ ಕೂಗಿ ಗಂಟಲು ಹಾಗೇ ಆಗಿಬಿಟ್ಟಿದೆ. ಜೋರಾಯ್ತು ಅನಿಸಿದರೆ ಮನ್ನಿಸಿ.

ಸಭೆ ಈ ಪ್ಲಾಟ್‌ಫಾರ್ಮಿನ ಮೇಲೇ ಆಗಲಿ ಅಂದೋರೂ ಅವರೇ. ಕೆಳಗೆ ನೋಡಿ — ಹಳಿ ಇದ್ದ ಜಾಗದಲ್ಲಿ ತುಂಬೆ ಗಿಡ. ಯಾರೋ ಎಮ್ಮೆ ಬೇರೆ ಕಟ್ಟಿದ್ದೀರಿ. ಕಟ್ಟಿ, ಬೇಡ ಅನ್ನಲ್ಲ. ನಾನು ಆ ಕಡೆ ತಿರುಗಲ್ಲ, ಅಷ್ಟೆ. ನಿಮ್ಮ ಮುಖ ನೋಡ್ಕೊಂಡೇ ಮಾತಾಡ್ತೀನಿ.

ಚಿಕ್ಕವರಿಗೆ ಗೊತ್ತಿರಲಿಕ್ಕಿಲ್ಲ. ಹೋದ ಯುದ್ಧಕ್ಕೂ ಮುಂಚೆ ಲಕ್ಷ್ಮಣತೀರ್ಥ ಲೈಟ್ ರೈಲ್ವೆ ಅಂತ ಒಂದು ಕಂಪನಿ ಹುಣಸೂರಿಂದ ಹೆಗ್ಗಡದೇವನಕೋಟೆಗೆ ಈ ಲೈನ್ ಹಾಕಿತು. ಜನಕ್ಕಲ್ಲ — ಮರಕ್ಕೆ. ತೇಗ, ಬೀಟೆ, ಹೊನ್ನೆ. ದಿಮ್ಮಿ ಹೇರೋ ವ್ಯಾಗನ್ನುಗಳ ಹಿಂದೆ ನರಮನುಷ್ಯರಿಗೆ ಅಂತ ಒಂದೇ ಒಂದು ಡಬ್ಬಿ. ಹಳಿ ಹಾಕೋ ಏರಿಗೆ ಮಣ್ಣು ಹೊತ್ತವರು ನಿಮ್ಮ ಅಪ್ಪ ಅವ್ವಂದಿರು. ಹೊಲ ಬಿಟ್ಟುಕೊಟ್ಟವರೂ ಅವರೇ. ರೈಲು ಬಂದರೆ ನಮ್ಮ ಮಕ್ಕಳು ಬದುಕ್ಕೊತವೆ ಅಂತ ಕೊಟ್ಟರು. ಆ ಮಾತು ಸುಳ್ಳಾಗಲಿಲ್ಲ. ಕೋಟೆ ಸೀಮೆಗೆ ವರ್ಗ ಆದರೆ ಅಮಲ್ದಾರರ ಮನೇಲಿ ಹೆಂಗಸರು ಅಳ್ತಿದ್ದ ಕಾಲ ಅದು — ಅಂಥಾ ಚಳಿಜ್ವರ ಇಲ್ಲಿ. ಔಷಧ, ಡಾಕ್ಟರು ಎಲ್ಲಾ ಹುಣಸೂರಲ್ಲಿ. ಎತ್ತಿನ ಗಾಡೀಲಿ ಹೊರಟರೆ ದಿನವೆಲ್ಲಾ ಕುಲುಕಾಟ. ನನ್ನ ಇಂಜಿನ್ನು ಬಿಸಿಲೇರೋದರೊಳಗೆ ಮುಟ್ಟಿಸ್ತಿತ್ತು.

ಈ ಕೋಲು ನೋಡಿ. ಹಿಂದೆ ಕೂತೋರಿಗೂ ಕಾಣಲಿ — ಹಿತ್ತಾಳೆ ಬಳೆ ಹಾಕಿರೋ ಈ ಕೋಲು. ಟೋಕನ್ ಅಂತೀವಿ. ಇಡೀ ಲೈನಿಗೆ ಇರೋದು ಇದೊಂದೇ. ಮಾಸ್ಟರು ಇದನ್ನ ಡ್ರೈವರ ಕೈಗೆ ಕೊಟ್ಟರೇ ಗಾಡಿ ಹೊರಡಬೇಕು. ಇಲ್ಲದಿದ್ದರೆ ಗಾಲಿ ಅಲ್ಲಾಡೋ ಹಾಗಿಲ್ಲ. ಒಂದು ಲೈನಿನ ಮೇಲೆ ಎರಡು ಗಾಡಿ ಎದುರಾಗಬಾರದು ಅಂತ ಮಾಡಿದ ಕಾನೂನು ಅದು. ಕಂಠಪ್ಪನವರು ಅದಕ್ಕೆ ತಮ್ಮದೊಂದು ಕಾನೂನು ಸೇರಿಸಿದ್ದರು. ಜ್ವರದವರು ಹತ್ತಿದ ಮೇಲೆ ಕೋಲು.

ನಾನು ಕೆಲಸಕ್ಕೆ ಬಂದ ಹೊಸದು. ಇಂಜಿನ್ನು ಬುಸುಗುಡ್ತಾ ನಿಂತಿದೆ. 'ಮಾಸ್ಟ್ರೇ, ಹೊತ್ತಾಯ್ತು, ಕೋಲು ಕೊಡಿ' ಅಂದೆ. ಅವರು ಕೋಲನ್ನ ಹಿಂಗೆ — ಕಂಕುಳಲ್ಲಿ ಸಿಕ್ಕಿಸ್ಕೊಂಡು, ಕೆರೆ ಏರಿ ಕಡೆ ಕೈ ತೋರಿಸಿದರು. ದೂರದಲ್ಲಿ ಯಾರನ್ನೋ ಕಂಬಳೀಲಿ ಹೊತ್ಕೊಂಡು ಬರ್ತಿದ್ದಾರೆ.

'ಸುಮ್ಮನೆ ಸೌದೆ ಉರಿದೋಯ್ತದೆ ಕಣ್ರೀ, ಕಂಪನಿಯೋರು ನನ್ನ ಬೈತಾರೆ' ಅಂದೆ.

'ಬೈಸ್ಕೊಳ್ಳಿ ಕೆಂಪಯ್ಯ. ನಿಮಗೆ ಬೈಗುಳ ಬತ್ತದೆ, ಅವನಿಗೆ ನಡುಕ ಬಂದದೆ. ಯಾವುದು ದೊಡ್ಡದು ನೀವೇ ಹೇಳಿ.'

ಮೈಯೆಲ್ಲಾ ಉರಿದುಹೋಯ್ತು ನನಗೆ. ಆಮೇಲೆ ಅಭ್ಯಾಸವಾಯ್ತು. ಆಮೇಲಾಮೇಲೆ ಇಂಜಿನ್ ಮೇಲೆ ನಿಂತು ನಾನೇ ಆ ಏರಿ ಕಡೆ ಕಣ್ಣು ಹಾಯಿಸ್ತಿದ್ದೆ — ಯಾರಾದರೂ ಬರ್ತಿದ್ದಾರಾ ಅಂತ.

ಹೋದ ವರ್ಷ ಏನಾಯ್ತು ನಿಮಗೇ ಗೊತ್ತು. ಕಾಡಿನ ಮರ ತೆಳುವಾಗ್ತಾ ಬಂದಿತ್ತು, ಈಗಿನ ಈ ಯುದ್ಧದಲ್ಲಿ ಕಬ್ಬಿಣಕ್ಕೆ ಚಿನ್ನದ ಬೆಲೆ ಬಂದಿತ್ತು. ಕಂಪನಿಯೋರು ಹಳೀನ ಯಾರೋ ಕಂಟ್ರಾಕ್ಟರಿಗೆ ಮಾರಿಬಿಟ್ಟರು. ಕಂಪನಿ ಏಜೆಂಟರು ಬಂದು ನಿಂತು, 'ಗಾಡಿ ಹುಣಸೂರ ಕಡೆ ಸ್ವಲ್ಪ ಸ್ವಲ್ಪವೇ ಸರೀತಾ ಹೋಗಲಿ, ಹಿಂದಿಂದ ಹಳಿ ಕಿತ್ತು ಅದಕ್ಕೇ ತುಂಬಿ' ಅಂದರು. ನಾನು ಮುಂದೆ ಮುಂದೆ ಹೋಗಬೇಕು, ಬೆನ್ನ ಹಿಂದೆ ದಾರಿ ಇಲ್ಲದಂಗಾಗಬೇಕು! ಕಂಠಪ್ಪನವರು ಕೋಲು ಕೊಡಲಿಲ್ಲ.

'ಯಾಕ್ರೀ?' ಅಂದರು ಏಜೆಂಟರು.

'ಜ್ವರದವರು ಇನ್ನೂ ಹತ್ತಿಲ್ಲ ಸ್ವಾಮಿ.'

'ಎಲ್ಲಿದ್ದಾರೆ ಜ್ವರದವರು? ಸ್ಟೇಷನ್ನೆಲ್ಲಾ ಖಾಲಿ!'

'ಬತ್ತಾರೆ. ಮಳೆಗಾಲ ಬರಲಿ, ಬತ್ತಾರೆ. ಮುಂದಿನ ಮಳೆಗಾಲಕ್ಕೂ ಬತ್ತಾರೆ. ಅವರೆಲ್ಲಾ ಹತ್ತಲಿ, ಕೊಡ್ತೀನಿ.'

ಕೋಲಿಲ್ಲದೆ ನಾನು ಹೊರಡಲ್ಲ ಅಂತ ಇಂಜಿನ್ ಇಳಿದೆ. ಅವರು ಎಲ್ಲಿಂದಲೋ ಬೇರೆ ಡ್ರೈವರನ್ನ ಕರ್ಕೊಂಡು ಬಂದರು. ಕೋಲು ಗೀಲು ನಂಗೊತ್ತಿಲ್ಲ ಅಂದ ಆಸಾಮಿ, ಶಿಳ್ಳೆ ಹಾಕೇಬಿಟ್ಟ. ಕಂಠಪ್ಪನವರು ಇದೇ ಮೆಟ್ಟಿಲು ಇಳಿದುಹೋಗಿ ಹಳಿ ಮಧ್ಯೆ ನಿಂತ್ಕೊಂಡರು. ಅವರನ್ನ ಎತ್ತಿ ಈಚೆ ತಂದಿದ್ದು ಹಳಿ ನೋಡ್ಕೊಳ್ತಿದ್ದ ನಮ್ಮ ಗ್ಯಾಂಗ್ ಮೇಸ್ತ್ರಿ ಚಿಕ್ಕಮಾದು. 'ಬುಡಿ ಬುದ್ಧಿ, ಸತ್ತೋಯ್ತೀರಿ, ಬುಡಿ' ಅಂತ ಅಳ್ತಾ ಎತ್ತಿದ. ಅವರ ಕಾಲು ನೆಲ ಮುಟ್ತಿರಲಿಲ್ಲ. ಕಂಕುಳಲ್ಲಿ ಕೋಲು ಮಾತ್ರ ಹಾಗೇ ಇತ್ತು. ತಾನೇ ಹಾಕಿದ ಹಳೀನ ಚಿಕ್ಕಮಾದು ಅವತ್ತು ಮಧ್ಯಾಹ್ನವೇ ಕೀಳೋಕೆ ನಿಂತ. ತಲೆ ತಗ್ಗಿಸಬೇಡ ಮಾದು. ನಿಮ್ಮ ಹಟ್ಟೀಲಿ ರಾಗಿ ಇರಲಿಲ್ಲ. ಕೂಲಿ ಹುಟ್ಟೋ ಕೆಲಸ ಅದೊಂದೇ ಇತ್ತು. ಕಂಠಪ್ಪನವರೂ ನಿನ್ನ ಮೇಲೆ ಒಂದು ಮಾತು ಆಡಲಿಲ್ಲ.

ಈ ಮಳೆಗಾಲ ಜ್ವರ ಅವರಿಗೇ ಬಂತು.

ಪೆಟ್ರೋಲಿಲ್ಲದೆ ಬಸ್ಸುಗಳು ನಿಂತುಹೋಗಿದ್ದವು. ಇದ್ದಲು ಹಾಕಿ ಓಡಿಸೋ ಒಂದು ಬಸ್ಸಿತ್ತು, ಅದು ಕೆಟ್ಟು ಕೂತಿತ್ತು. ಚಿಕ್ಕಮಾದು ಎತ್ತಿನ ಗಾಡಿ ಕಟ್ಟಿದ. ಅವರ ತಲೆ ನನ್ನ ತೊಡೆ ಮೇಲೆ. ಊರಾಚೆ ದಾರಿ ಕವಲಾಗೋ ಕಡೆ ಬಂದಾಗ, 'ಲೈನ್ ಮೇಲೆ ಹೋಗಿ' ಅಂದರು. ರಸ್ತೆ ಕೆಸರು, ಹಳಿ ಇದ್ದ ಏರಿ ನೇರ. ನಮಗೂ ಅದೇ ಸರಿ ಅನ್ನಿಸ್ತು. ಚೆನ್ನಾಗೇ ಹೋದೆವು. ದೊಡ್ಡಹಳ್ಳದ ಹತ್ತಿರ ಎತ್ತು ನಿಂತುಬಿಟ್ಟವು. ಮಾದು ಹೊಡೆದ. ಕದಲಲಿಲ್ಲ. ಇಳಿದು ನೋಡ್ತೀನಿ — ಮುಂದೆ ಸೇತುವೆ ಇಲ್ಲ. ಹಳಿ ಜೊತೆ ಅದರ ತೊಲೆಗಳನ್ನೂ ಹೊತ್ಕೊಂಡು ಹೋಗಿದ್ದರಲ್ಲ! ಆ ಸೇತುವೆ ಮೇಲೆ ಆಯುಸ್ಸೆಲ್ಲಾ ಇಂಜಿನ್ ಓಡಿಸಿದವನು ನಾನು. ಅದರ ಬೋಲ್ಟು ಬಿಚ್ಚಿದ ಕೈ ಮಾದುದು. ಇಬ್ಬರಿಗೂ ನೆನಪಾಗಲಿಲ್ಲ! ಎತ್ತಿಗೆ ಕಂಡಿದ್ದು ನಮಗೆ ಕಾಣಲಿಲ್ಲ.

ಇಕ್ಕಟ್ಟಾದ ಏರಿ. ಗಾಡಿ ತಿರುಗಿಸೋಕಾಗಲ್ಲ. ಎತ್ತು ಬಿಚ್ಚಿ, ಮಳೇಲಿ, ಗಾಡೀನ ಹಿಂದಕ್ಕೆ ನೂಕ್ತಾ ಇದ್ವಿ. ಕಂಬಳಿಯೊಳಗಿಂದ ಅವರ ಕೈ ಈಚೆ ಬಂತು. ಕೈಯಲ್ಲಿ ಈ ಕೋಲು.

'ತಗೊಳ್ಳಿ ಕೆಂಪಯ್ಯ. ನಾನು ಹತ್ತಿದೀನಿ. ಇನ್ನು ಹೊರಡಿ.'

ಎಲ್ಲಿಗೆ ಹೊರಡಲಿ? ಹೇಳಿ, ನೀವಾದರೂ ಹೇಳಿ — ಎಲ್ಲಿಗೆ ಹೊರಡಲಿ ನಾನು? ಮುಂದೆ ಸೇತುವೆ ಇಲ್ಲ, ಹಿಂದೆ ಹಳಿ ಇಲ್ಲ. ಆದರೂ 'ಹೊರಟೆ ಮಾಸ್ಟ್ರೇ' ಅಂದೆ. ಸುಳ್ಳು ಹೇಳಿದೆ. ನಾವು ರಸ್ತೆ ಮುಟ್ಟೋ ಹೊತ್ತಿಗೆ ಅವರ ಕೈ ತಣ್ಣಗಾಗಿತ್ತು.

ಯುದ್ಧ ಮುಗೀಲಿ, ಮತ್ತೆ ಹಳಿ ಬರ್ತದೆ ಅಂತ ಪೇಟೇಲಿ ಮಾತಾಡ್ಕೊಳ್ತಾರೆ. ಬರ್ತದೋ ಏನೋ. ನಾನಂತೂ ನಂಬಲ್ಲ. ಸಮಾಧಾನ ಹೇಳೋಕೆ ನನ್ನ ಹತ್ತಿರ ಏನೂ ಇಲ್ಲ ಸುಂದ್ರಮ್ಮನವರೇ. ನಿಮ್ಮ ಯಜಮಾನರು ಎಷ್ಟೋ ಜನರನ್ನ ಹತ್ತಿಸಿದರು. ಅವರೊಬ್ಬರನ್ನ ಮುಟ್ಟಿಸೋಕೆ ನಮ್ಮ ಕೈಲಿ ಆಗಲಿಲ್ಲ.

ಇನ್ನೂ ಏನೋ ಹೇಳಬೇಕು ಅಂತಿದ್ದೆ — ತಾಳಿ. ಕೆರೆ ಏರಿ ಕಡೆ ನೋಡಿ. ಕಂಬಳೀಲಿ ಹೊತ್ಕೊಂಡು ಬರ್ತಾ ಇದ್ದಾರೆ. ಚಿಕ್ಕಮಾದು ಸೊಸೆ. ಅದೇ ಜ್ವರ, ನೆನ್ನೆಯಿಂದ ಮೈ ಮೇಲೆ ಪ್ರಜ್ಞೆ ಇಲ್ಲ. ಅವಳಿಗೋಸ್ಕರವೇ ಹೊಂಗೆ ಮರದ ಕೆಳಗೆ ಆ ಗಾಡಿ ಕಟ್ಟಿ ನಿಲ್ಲಿಸಿರೋದು. ಮಾದು, ಏಳ್ಲಾ, ಎತ್ತಿನ ಹತ್ರ ಹೋಗು. ರಸ್ತೆ ಮೇಲೇ ಹೋಗಬೇಕು ಕಣ್ಲಾ. ರಸ್ತೆ ಮೇಲೆ. ಮುಟ್ಟುತ್ತಾಳೋ ಇಲ್ಲವೋ, ಶಿವನೇ ಬಲ್ಲ.

ನನ್ನ ಮಾತು ಸಾಕು. ಸುಂದ್ರಮ್ಮನವರೇ, ಈ ಕೋಲು ತಗೊಳ್ಳಿ. ನಿಮ್ಮ ಕೈಲಿರಲಿ.

ಎಲ್ಲರೂ ದಯವಿಟ್ಟು ಎದ್ದು ನಿಂತ್ಕೊಳ್ಳಿ. ಮೌನ ಎಷ್ಟು ಹೊತ್ತು ಅಂತ ಯಾರೂ ಗಡಿಯಾರ ನೋಡಬೇಡಿ. ಆ ಹೆಣ್ಣುಮಗಳನ್ನ ಎತ್ತಿ ಗಾಡೀಲಿ ಮಲಗಿಸೋವರೆಗೂ ಒಂದು ಮಾತು ಬೇಡ. ಅವಳು ಹತ್ತಲಿ. ಹತ್ತಿದ ಮೇಲೆ ಸುಂದ್ರಮ್ಮನವರು ಮಾದು ಕೈಗೆ ಕೋಲು ಕೊಡ್ತಾರೆ.

ಏಳಿ.